ಬಟ್ಟಲಿನ ತೂಕ

ನಾನು ಏನು ಓದುತ್ತೇನೆಂದು ಹುನಗುಂದದಲ್ಲಿ ಯಾರಾದರೂ ಕೇಳಿದರೆ ನನ್ನ ಅವ್ವ ಒಂದೇ ಮಾತಿನಲ್ಲಿ ಮುಗಿಸಿಬಿಡುತ್ತಿದ್ದಳು: "ಸತ್ತವರು ಏನೇನ ತಪ್ಪ ಲೆಕ್ಕಾ ಮಾಡಿದ್ರು, ಅದನ್ನ ಓದ್ತಾನ." ಆರ್ಥಿಕ ವಿಚಾರಗಳ ಇತಿಹಾಸ ಎಂಬ ವಿಷಯಕ್ಕೆ ಇದಕ್ಕಿಂತ ಒಳ್ಳೆಯ ವ್ಯಾಖ್ಯೆಯನ್ನು ನಾನು ಇದುವರೆಗೆ ಯಾವ ದಪ್ಪ ಪುಸ್ತಕದಲ್ಲೂ ಕಂಡಿಲ್ಲ. ಆಗ ಮಾತ್ರ ಸಿಟ್ಟು ಬರುತ್ತಿತ್ತು. ಹಾಗಲ್ಲ ಅವ್ವಾ ಎಂದು ಬಿಡಿಸಿ ಹೇಳಲು ಕೂತರೆ ಅವಳು ಎದ್ದು ಎಮ್ಮೆಗೆ ನೀರು ಕುಡಿಸಲು ಹೋಗುತ್ತಿದ್ದಳು. ಎಮ್ಮೆಗೆ ಅಷ್ಟು ನೀರಡಿಕೆ ಆಗುತ್ತಿದ್ದುದು ನಾನು ಮಾತಾಡಲು ಶುರುಮಾಡಿದಾಗ ಮಾತ್ರ.

ಎಪ್ಪತ್ತರ ದಶಕದ ಕೊನೆಯ ವರ್ಷಗಳು. ಇಳಕಲ್ಲಿನ ಒಂದು ಕಾಲೇಜಿನಲ್ಲಿ ನಾನು ಅರ್ಥಶಾಸ್ತ್ರದ ಅಧ್ಯಾಪಕ. ಬಿ.ಎ. ಕೊನೆಯ ವರ್ಷದವರಿಗೆ ಆರ್ಥಿಕ ವಿಚಾರಗಳ ಇತಿಹಾಸ ಕಲಿಸುವುದು ನನ್ನ ಪಾಲಿಗೆ ಬಂದಿತ್ತು. ಬಂದಿತ್ತು ಅನ್ನುವುದಕ್ಕಿಂತ, ಹಿರಿಯರು ತಮಗೆ ಬೇಕಾದ ಪೇಪರುಗಳನ್ನೆಲ್ಲ ಆರಿಸಿಕೊಂಡ ಮೇಲೆ ತಾಟಿನ ಅಂಚಿನಲ್ಲಿ ಅದೊಂದು ಉಳಿದಿತ್ತು. ನಾನು ಪ್ರೀತಿಯಿಂದಲೇ ಎತ್ತಿಕೊಂಡೆ. ಒಂದು ವಸ್ತುವಿಗೆ ಬೆಲೆ ಎಲ್ಲಿಂದ ಬರುತ್ತದೆ ಎಂದು ಇಷ್ಟು ಶತಮಾನ ಇಷ್ಟು ಜನ ಜಗಳಾಡಿದ್ದಾರಲ್ಲ, ಆ ಜಗಳದ ರುಚಿ ನನಗೆ ಹತ್ತಿಬಿಟ್ಟಿತ್ತು. ಹುಡುಗರಿಗೆ ಹತ್ತಲಿಲ್ಲ. ಒಬ್ಬನಂತೂ ಎದ್ದು ನಿಂತು ಬಹಳ ವಿನಯದಿಂದ ಕೇಳಿದ: "ಸರ, ಇದು ತಪ್ಪಂತ ಮುಂದಿನ ಪಾಠದಾಗ ನೀವ ಹೇಳಾವ್ರದೀರಿ. ಸೀದಾ ಮುಂದಿನ ಪಾಠಾನ ಹೇಳ್ರಲ್ಲ." ಕೂತ್ಕೋ ಅಂದೆ.

ಸ್ಟಾಫ್ ರೂಮಿನಲ್ಲಿ ನನ್ನ ಜಾತಿ ಯಾವುದೆಂದು ಯಾರಿಗೂ ಗೊತ್ತಾಗುತ್ತಿರಲಿಲ್ಲ. ಇತಿಹಾಸದವರು ನನ್ನನ್ನು ಅರ್ಥಶಾಸ್ತ್ರದವನೆಂದರು, ಅರ್ಥಶಾಸ್ತ್ರದವರು ಇತಿಹಾಸದವನೆಂದರು. ಹೊರಗಿನಿಂದ ಯಾರಾದರೂ ತಪಾಸಣೆಗೆ ಬಂದು, ಬಾದಾಮಿ ಐಹೊಳೆ ನೋಡಬೇಕೆಂದು ಆಸೆಪಟ್ಟರೆ ಮಾತ್ರ ಇಬ್ಬರೂ ಒಮ್ಮತದಿಂದ ನನ್ನನ್ನು ಇತಿಹಾಸಕಾರನನ್ನಾಗಿ ಮಾಡಿ ಜೀಪು ಹತ್ತಿಸುತ್ತಿದ್ದರು. ಒಮ್ಮೆ ಐಹೊಳೆಯಲ್ಲಿ ಅಂಥವರ ಮುಂದೆ ನಿಂತು, ಆ ಊರಿನ ಹಳೆಯ ವರ್ತಕರು ಕಡಲಾಚೆಗೂ ವ್ಯಾಪಾರ ಮಾಡಿದ್ದು, ಅವರ ಕೂಟಕ್ಕೆ ತನ್ನದೇ ಕಟ್ಟುಪಾಡು ಇದ್ದದ್ದು, ಎಲ್ಲ ಕೈ ಬೀಸಿ ಬೀಸಿ ವರ್ಣಿಸುತ್ತಿದ್ದೆ. ಅಲ್ಲಿನ ಗೈಡ್ ಒಬ್ಬರು ತಾಳ್ಮೆಯಿಂದ ಕೇಳಿ, ಕೊನೆಗೆ ಮೆಲ್ಲಗೆ ಅಂದರು: "ಸಾಹೇಬ್ರ, ಗುಡಿ ಈ ಕಡೆ ಐತ್ರಿ." ನಾನು ಗುಡಿಗೆ ಬೆನ್ನು ಮಾಡಿ, ಒಂದು ಹುಲ್ಲಿನ ಬಣವೆಯನ್ನು ತೋರಿಸುತ್ತ ಮಾತಾಡುತ್ತಿದ್ದೆ. ನನ್ನ ಬದುಕಿನ ಬಹುಭಾಗ ಹೀಗೇ ಕಳೆದಿದೆ ಎಂದು ಈಗ ಅನಿಸುತ್ತದೆ.

ಪಾಠದ ಜೊತೆಗೆ ನಾನು ಪಿಎಚ್‌.ಡಿ.ಗೂ ಬರೆಯುತ್ತಿದ್ದೆ. ವಿಷಯ, ವಿನಿಮಯ. ಇಬ್ಬರು ತಮ್ಮ ತಮ್ಮ ವಸ್ತು ಕೊಟ್ಟು ತೆಗೆದುಕೊಳ್ಳುವಾಗ ಆ ಎರಡು ವಸ್ತು ಸಮ ಎಂದು ಹೇಳುವುದು ಹೇಗೆ, ಈ ಪ್ರಶ್ನೆಗೆ ಯಾವ ಕಾಲದವರು ಏನು ಉತ್ತರ ಕೊಟ್ಟರು, ಅದರ ಚರಿತ್ರೆ. ಧಾರವಾಡದಲ್ಲಿದ್ದ ನನ್ನ ಮಾರ್ಗದರ್ಶಕರು ಒಳ್ಳೆಯವರು. ಆದರೆ ಬರೆದದ್ದನ್ನು ಒಯ್ದು ತೋರಿಸಿದಾಗಲೆಲ್ಲ, "ಇದಕ್ಕೂ ಮೊದಲು ಯಾರು ಹೇಳಿದ್ದರು ನೋಡಿ ಬನ್ನಿ" ಎಂದು ವಾಪಸು ಕಳಿಸುತ್ತಿದ್ದರು. ಇಂಗ್ಲೆಂಡಿನಿಂದ ಶುರುವಾದವನು ಫ್ರಾನ್ಸಿಗೆ ಹೋದೆ, ಅಲ್ಲಿಂದ ರೋಮಿನ ಪಾದ್ರಿಗಳ ಬಳಿಗೆ, ಅಲ್ಲಿಂದ ಗ್ರೀಸಿಗೆ. ಇನ್ನೂ ಹಿಂದಕ್ಕೆ ತಳ್ಳಿದ್ದರೆ ಗುಹೆಯ ಮನುಷ್ಯರ ತನಕ ಹೋಗುತ್ತಿದ್ದೆ. ಆಗ ಬಾದಾಮಿಯಲ್ಲೇ ಮನೆ ಹಿಡಿಯಬೇಕಾಗುತ್ತಿತ್ತು.

ಸದ್ಯ ನಾನು ಮನೆ ಹಿಡಿದಿದ್ದು ಇಳಕಲ್ಲಿನ ಒಂದು ಓಣಿಯಲ್ಲಿ, ಮಗ್ಗದ ಮನೆಯ ಮಾಳಿಗೆಯ ಕೋಣೆ. ಕೆಳಗೆ ಮಾಲೀಕರ ಮಗ್ಗಗಳು ಬೆಳಗಿನಿಂದ ಸಂಜೆಯವರೆಗೆ ಲಟಪಟ ಎನ್ನುತ್ತಿದ್ದವು. ಆ ಸದ್ದಿಲ್ಲದೆ ನನಗೆ ಓದಲು ಬಾರದಂತಾಗಿತ್ತು. ಅಮಾವಾಸ್ಯೆಗೆ ಮಗ್ಗ ನಿಲ್ಲಿಸಿದರೆ ಅವತ್ತು ಗ್ರೀಕರೂ ನಿಲ್ಲುತ್ತಿದ್ದರು. ಮಾಲೀಕರು ಮಾತು ಕಡಿಮೆಯ ಮನುಷ್ಯ. ಅವರ ಹೆಂಡತಿ, ನಾವೆಲ್ಲ ಅಕ್ಕಾವ್ರು ಅನ್ನುತ್ತಿದ್ದೆವು, ಮಾತನ್ನೂ ಊಟವನ್ನೂ ಧಾರಾಳವಾಗಿ ಕೊಡುವವರು. ನಾನು ಒಬ್ಬಂಟಿ, ಖಾನಾವಳಿಯ ಗಿರಾಕಿ ಎಂದು ಗೊತ್ತಾದ ದಿನದಿಂದ ಅವರ ಹಿತ್ತಾಳೆ ಬಟ್ಟಲು ಮೆಟ್ಟಿಲು ಹತ್ತತೊಡಗಿತು. ಅದರಲ್ಲಿ ಒಮ್ಮೆ ಎಣ್ಣೆಗಾಯಿ, ಒಮ್ಮೆ ಗುರೆಳ್ಳು ಹಿಂಡಿ, ಹಬ್ಬವಿದ್ದರೆ ಕರಿಗಡಬು, ಮಾದಲಿ.

ನಮ್ಮ ಕಡೆ ಬಟ್ಟಲು ಖಾಲಿ ಮರಳಬಾರದು. ಇದನ್ನು ಯಾರೂ ಯಾರಿಗೂ ಕಲಿಸುವುದಿಲ್ಲ. ಒಂದು ಚಿಟಿಕೆ ಸಕ್ಕರೆ ಹಾಕಿ ಕಳಿಸಿದರೂ ಸಾಕು, ಏನೂ ಇಲ್ಲದಿದ್ದರೆ ಎರಡು ಕಾಳು ಅಕ್ಕಿ. ಯಾವಾಗ ಮರಳಿಸಬೇಕು ಎನ್ನುವುದಕ್ಕೂ ಗಡುವಿಲ್ಲ. ನೆನಪಾದಾಗ, ಕೈಗೆ ಏನಾದರೂ ಸಿಕ್ಕಿದಾಗ. ನಾನೂ ಹಾಗೆಯೇ ಬಟ್ಟಲನ್ನು ವಾರಗಟ್ಟಲೆ ಪುಸ್ತಕಗಳ ಮೇಲೆ ಭಾರವಾಗಿ ಇಟ್ಟುಕೊಂಡು, ನಂತರ ಬಾಳೆಹಣ್ಣನ್ನೊ ಬೆಲ್ಲದ ಚೂರನ್ನೊ ಹಾಕಿ ಕೆಳಗೆ ಇಳಿಸುತ್ತಿದ್ದೆ. ಒಮ್ಮೆ ಒಂದೇ ಒಂದು ನಿಂಬೆಹಣ್ಣು. ಅಕ್ಕಾವ್ರು ಅದನ್ನೂ ಕಣ್ಣಿಗೊತ್ತಿಕೊಂಡು ಒಳಗೆ ಒಯ್ದರು. ಎಲ್ಲ ಚೆನ್ನಾಗಿತ್ತು. ನಾನು ಓದಿದವನೆಂಬುದು ನೆನಪಾಗದೆ ಇದ್ದಿದ್ದರೆ ಚೆನ್ನಾಗಿಯೇ ಇರುತ್ತಿತ್ತು.

ಆ ಬೇಸಿಗೆ ಅಕ್ಕಾವ್ರ ಬಾಗಲಕೋಟೆಯ ತಮ್ಮನ ಮಗಳು ಅತ್ತೆಯ ಮನೆಗೆ ಬಂದಳು. ಶಿಕ್ಷಕಿಯ ತರಬೇತಿ ಮುಗಿಸಿ ನೌಕರಿಯ ದಾರಿ ಕಾಯುತ್ತಿದ್ದವಳು. ಮಾಳಿಗೆಯ ಮೇಲೆ ಶ್ಯಾವಿಗೆ ಒಣಗಿಸಲು ಬಂದಾಗ ನನ್ನ ಕೋಣೆಯ ಬಾಗಿಲಲ್ಲಿ ನಿಂತು, ಅಷ್ಟೊಂದು ಪುಸ್ತಕ ಯಾವುದರ ಬಗ್ಗೆ ಎಂದು ಕೇಳಿದಳು. ಹಾಗೆ ಕೇಳಿದವರು ಇಳಕಲ್ಲಿನಲ್ಲಿ ಅದುವರೆಗೆ ಯಾರೂ ಇರಲಿಲ್ಲ. ನಾನು ಬಿಟ್ಟೇನೆ? ಶ್ಯಾವಿಗೆ ಪೂರ್ತಿ ಒಣಗುವ ತನಕ ಹೇಳಿದೆ. ಬೆಲೆಯೆಂದರೆ ದುಡಿಮೆ ಎಂದವರು, ಬೆಲೆಯೆಂದರೆ ಬಯಕೆ ಎಂದವರು, ಎರಡೂ ಅಲ್ಲ ಎಂದವರು. ಅವಳು ಎದ್ದು ಎಮ್ಮೆಗೆ ನೀರು ಕುಡಿಸಲು ಹೋಗಲಿಲ್ಲ. ಎಲ್ಲ ಕೇಳಿ ಕೊನೆಗೆ ಅಂದಳು: "ಇಷ್ಟ ಮಂದಿ ಬೆಲಿ ಬಗ್ಗೆ ಬರದಾರಂತೀರಿ. ಅವ್ರ ಮನ್ಯಾಗ ಸಂತಿ ಯಾರ ಮಾಡ್ತಿದ್ರು?"

ಎಲ್ಲ ಪುಸ್ತಕಗಳನ್ನೂ ತಿರುವಿಹಾಕಿದೆ, ಅವರ ಜೀವನಚರಿತ್ರೆಗಳನ್ನು ಧಾರವಾಡದಿಂದ ಬಸ್ಸಿನಲ್ಲಿ ತರಿಸಿದೆ. ಒಬ್ಬನಾದರೂ ಕೈಚೀಲ ಹಿಡಿದು ಸಂತೆಗೆ ಹೋದ ದಾಖಲೆ ಸಿಗಲಿಲ್ಲ. ಸಿಗಲಿಲ್ಲ ಎಂದು ಅವಳಿಗೆ ಹೇಳುವ ನೆಪದಲ್ಲಿ ಮತ್ತೆ ಮಾತಾಡಿದೆ. ಅವಳು ನಕ್ಕಳು. ಆ ನಗು ಕೇಳಬೇಕೆಂದು ಇನ್ನೂ ಕೆಲವು ಸಂಗತಿಗಳು ಸಿಗಲಿಲ್ಲವೆಂದು ಹೇಳಿದೆ. ಇವಳನ್ನು ಮದುವೆಯಾಗಬೇಕು ಎಂದು ನನಗೆ ಆಗಲೇ ಅನಿಸಿತ್ತು, ಬಹಳ ಅನಿಸಿತ್ತು. ಆದರೆ ಪ್ರಬಂಧ ಮುಗಿಯಲಿ, ಆಮೇಲೆ ಕೇಳೋಣ ಎಂದುಕೊಂಡೆ. ಆ ಪ್ರಬಂಧ ಯಾವ ದಿಕ್ಕಿಗೆ ನಡೆಯುತ್ತಿತ್ತೆಂದು ಮೇಲೆ ಹೇಳಿದ್ದೇನೆ. ಆ ದಿನಗಳಲ್ಲಿ ಅಕ್ಕಾವ್ರು ಮೇಲಿಂದ ಮೇಲೆ, "ನಿಮ್ಮ ಅವ್ವಾರು ಇಳಕಲ್ಲಿಗೆ ಯಾವಾಗ ಬರ್ತಾರ್ರಿ?" ಎಂದು ಕೇಳುತ್ತಿದ್ದರು. ನಾನು ಹುನಗುಂದದ ಬಸ್ಸಿನ ವೇಳೆಗಳನ್ನು ಹೇಳುತ್ತಿದ್ದೆ.

ಇದೇ ಸಮಯಕ್ಕೆ ಎರಡು ಸಂಗತಿ ಕೂಡಿ ಬಂದವು. ಒಂದು, ಸ್ಟಾಫ್ ರೂಮಿನಲ್ಲಿ ವಾಣಿಜ್ಯದ ಅಧ್ಯಾಪಕರೊಬ್ಬರು ನನ್ನ ಹೊಟ್ಟೆ ನೋಡಿ, "ಏನ್ರಿ ಅರ್ಥಶಾಸ್ತ್ರಜ್ಞರ, ಕೊಡೂ ಬಾಡಿಗಿಗಿಂತ ಉಣ್ಣೂ ಊಟಾನ ಜಾಸ್ತಿ ಆಗೇತಲ್ಲ ನಿಮ್ದು" ಎಂದು ಚುಚ್ಚಿದರು. ಎರಡು, ನಾನು ಗ್ರೀಸಿನ ಅಧ್ಯಾಯಕ್ಕೆ ಬಂದಿದ್ದೆ. ಅಲ್ಲಿನ ಒಬ್ಬ ಹಿರಿಯ ತತ್ವಜ್ಞಾನಿ, ಕಾಲಿನ ಜೋಡು ಹೊಲಿಯುವವನೂ ಮನೆ ಕಟ್ಟುವ ಗೌಂಡಿಯೂ ಕೊಡುಕೊಳ್ಳುವಾಗ ಎರಡೂ ಕಡೆ ಸಮ ಇದ್ದರೆ ಮಾತ್ರ ನ್ಯಾಯ, ಸಮ ಇಲ್ಲದಿದ್ದರೆ ಊರೇ ಒಟ್ಟಾಗಿ ಬಾಳಲಾರದು ಎಂಬ ಅರ್ಥದ ಮಾತು ಹೇಳಿಬಿಟ್ಟಿದ್ದಾನೆ. ಅದನ್ನು ಓದಿದಾಗ ನನ್ನ ಕಣ್ಣು ಪುಸ್ತಕದ ಮೇಲೆ ಭಾರವಾಗಿ ಕೂತಿದ್ದ ಬಟ್ಟಲಿನ ಮೇಲೆ ಬಿತ್ತು. ಥೂ ನನ್ನ ಜನ್ಮಕ್ಕೆ ಅನಿಸಿತು. ವಿನಿಮಯದ ಮೇಲೆ ಪ್ರಬಂಧ ಬರೆಯುವವನು ಎಣ್ಣೆಗಾಯಿಗೆ ನಿಂಬೆಹಣ್ಣು ಕೊಟ್ಟಿದ್ದಾನೆ! ಇನ್ನು ಮುಂದೆ ಬರುವ ಬಟ್ಟಲು ಅಂದಿನದು ಅಂದೇ, ಸರಿಸಮನಾಗಿ ಮರಳಬೇಕು ಎಂದು ಗಟ್ಟಿ ಮಾಡಿದೆ.

ಮರುದಿನವೇ ಬಟ್ಟಲು ಬಂತು. ಶೇಂಗಾ ಹೋಳಿಗೆ. ಅಕ್ಕಾವ್ರು ತಾವೇ ತಂದು ಕೊಟ್ಟು, "ಹೆಂಗ ಆಗ್ಯಾವ ಹೇಳ್ರಿ" ಎಂದು ಎಂದಿಗಿಂತ ಹೆಚ್ಚು ಹೊತ್ತು ನಿಂತರು. ನಾನು ಹೋಳಿಗೆಯ ರುಚಿಯ ಬಗ್ಗೆ ಯೋಚಿಸುತ್ತಿರಲಿಲ್ಲ. ಇದಕ್ಕೆ ಸಮ ಯಾವುದು ಎಂದು ಯೋಚಿಸುತ್ತಿದ್ದೆ. ದುಡಿಮೆಯಿಂದ ಅಳೆಯೋಣವೆಂದರೆ ಹೂರಣ ಕುಟ್ಟಲು ಎಷ್ಟು ಹೊತ್ತು ಬೇಕೆಂದು ನನಗೆ ಗೊತ್ತಿಲ್ಲ. ಬಯಕೆಯಿಂದ ಅಳೆಯೋಣವೆಂದರೆ ನನ್ನ ಬಯಕೆ ಅವತ್ತು ವಿಪರೀತವಿತ್ತು, ಅಷ್ಟಕ್ಕೆ ಸಮ ಕೊಡಲು ನನ್ನ ಪಗಾರವೇ ಸಾಲುತ್ತಿರಲಿಲ್ಲ. ಕೊನೆಗೆ ತೂಗೋಣ ಎಂದುಕೊಂಡೆ. ಇಷ್ಟು ಶತಮಾನಗಳಲ್ಲಿ ಎಷ್ಟೋ ದಡ್ಡರು ಎಷ್ಟೋ ದಡ್ಡ ಸಿದ್ಧಾಂತ ಮಾಡಿದ್ದಾರೆ, ಹೋಳಿಗೆಯ ಬೆಲೆ ಅದರ ತೂಕದಲ್ಲಿದೆ ಎಂದು ಯಾರೂ ಅಂದಿಲ್ಲ. ಆರ್ಥಿಕ ವಿಚಾರಕ್ಕೆ ನನ್ನ ಸ್ವಂತ ಕೊಡುಗೆ ಅದೊಂದೇ.

ಎದುರಿಗೆ ಕಿರಾಣಿ ಅಂಗಡಿ. ಅಂಗಡಿಯ ಮುದುಕನನ್ನು ಓಣಿಯವರೆಲ್ಲ ಚಾಚಾ ಅನ್ನುತ್ತಿದ್ದರು. ನಾನು ಬಟ್ಟಲನ್ನು ಹಾಗೆಯೇ ಒಯ್ದು ಅವರ ಮುಂದಿಟ್ಟೆ.

"ಚಾಚಾ, ಇದನ್ನ ಸ್ವಲ್ಪ ತೂಗ್ರಿ."

ಚಾಚಾ ಹೋಳಿಗೆ ನೋಡಿದರು, ನನ್ನನ್ನು ನೋಡಿದರು. "ಮಾರಾಕೇನ್ರಿ ಮಾಸ್ತರ್ರ?"

"ಅಲ್ಲ ಚಾಚಾ. ಅಭ್ಯಾಸಕ್ಕ."

ಅವರು ಮುಂದೆ ಕೇಳಲಿಲ್ಲ. ಹಿಂದೆ ತಿರುಗಿ ಅದೇನೋ ತಡಕಾಡಿ, ತಕ್ಕಡಿಗೆ ಆ ಕಡೆ ಏನೋ ಇಟ್ಟು, ಈ ಕಡೆ ಏನೋ ಇಟ್ಟು ತೂಗಿದರು. ನಾನು ನೋಡುತ್ತಿರಲಿಲ್ಲ, ಗ್ರೀಕ ಈಗ ನನ್ನನ್ನು ಕಂಡಿದ್ದರೆ ಬೆನ್ನು ತಟ್ಟುತ್ತಿದ್ದ ಎಂದು ಯೋಚಿಸುತ್ತಿದ್ದೆ. ಚಾಚಾ ಅದೇ ತೂಕಕ್ಕೆ ಸರಿಯಾಗಿ ಬರಣಿಯಿಂದ ಅಮೀನಗಡದ ಕರದಂಟು ತೂಗಿ ಕಟ್ಟಿಕೊಟ್ಟರು. ಹೋಳಿಗೆಯನ್ನು ಕೋಣೆಗೆ ಒಯ್ದು ಗಬಗಬ ತಿಂದೆ, ಬಟ್ಟಲು ತೊಳೆದೆ, ಕರದಂಟು ತುಂಬಿದೆ. ಬಟ್ಟಲಿನ ಅಂಚಿಗೆ ಬಂದು ಕೂತಿತು. ಸೂರ್ಯ ಮುಳುಗುವ ಮೊದಲೇ ಕೆಳಗೆ ಇಳಿದೆ.

ಬಾಗಿಲಿಗೆ ಬಂದವಳು ಅವಳೇ. ಬಟ್ಟಲನ್ನು ನೋಡಿ ಅವಳ ಮುಖ ಅರಳಿದ್ದನ್ನು ನಾನು ಕಂಡೆ. ಅಲ್ಲಿಗೆ ಬಾಯಿ ಮುಚ್ಚಿಕೊಂಡು ಬಂದಿದ್ದರೆ ಸಾಕಿತ್ತು. ಆದರೆ ಅಧ್ಯಾಪಕನ ಬಾಯಿ.

"ತೂಗಿ ತಂದೇನಿ," ಅಂದೆ. "ಸರಿಸಮಾ ಐತಿ. ಇನ್ನ ನಿಮ್ದು ನನ್ನ ಮ್ಯಾಲ ಏನೂ ಇಲ್ಲ, ನಂದು ನಿಮ್ಮ ಮ್ಯಾಲ ಏನೂ ಇಲ್ಲ."

"ಹೌದ್ರಿ?" ಅಂದಳು.

"ಹೌದು. ಚುಕ್ತಾ."

ಅವಳು ಬಟ್ಟಲು ತೆಗೆದುಕೊಂಡು ಒಳಗೆ ಹೋದಳು. ನಾನು ಮೆಟ್ಟಿಲು ಹತ್ತಿ ಬಂದು ಗ್ರೀಸಿನ ಅಧ್ಯಾಯಕ್ಕೆ ಒಂದು ಒಳ್ಳೆಯ ಪುಟ ಬರೆದೆ.

ಮರುದಿನ ಮುಂಜಾನೆಯ ಬಸ್ಸಿಗೆ ಅವಳು ಬಾಗಲಕೋಟೆಗೆ ಹೋದಳೆಂದು ತಿಳಿಯಿತು. ಏನೋ ಕೆಲಸವಿರಬೇಕು ಅಂದುಕೊಂಡೆ. ಬಟ್ಟಲು ಬರುವುದು ನಿಂತಿತು. ಸಮಸ್ಥಿತಿ ಅಂದರೆ ಇದೇ ಎಂದು ಮೊದಮೊದಲು ಖುಷಿಪಟ್ಟೆ. ಅಕ್ಕಾವ್ರು ಎದುರಾದರೆ ಬಹಳ ಮರ್ಯಾದೆಯಿಂದ ಪಕ್ಕಕ್ಕೆ ಸರಿದು ದಾರಿ ಬಿಡುತ್ತಿದ್ದರು; ನನ್ನ ವಿದ್ವತ್ತಿಗೆ ಕೊನೆಗೂ ಬೆಲೆ ಬಂತು ಎಂದು ತಿಳಿದೆ. ಖಾನಾವಳಿಯ ಬೇಳೆ ನೀರಾಗಿ ಕಾಣತೊಡಗಿದ ಮೇಲೆ ಮಾತ್ರ ನನಗೆ ಅನುಮಾನ ಬಂತು. ಮಗ್ಗದ ಮುಂದೆ ಕೂತಿದ್ದ ಮಾಲೀಕರನ್ನು ಹೋಗಿ ಕೇಳಿದೆ, ಅಕ್ಕಾವ್ರಿಗೆ ನನ್ನ ಮೇಲೆ ಏನಾದರೂ ಸಿಟ್ಟೇ ಎಂದು.

ಅವರು ಮಗ್ಗ ನಿಲ್ಲಿಸಿದರು. ಅವರು ಮಾತಾಡುವುದೇ ಅಪರೂಪ, ಮಾತಿಗಾಗಿ ಮಗ್ಗ ನಿಲ್ಲಿಸಿದ್ದನ್ನು ನಾನು ನೋಡಿಯೇ ಇರಲಿಲ್ಲ.

"ಬ್ಯಾಡ ಅನ್ನೂದಿದ್ರ ಬಾಯಿಲೆ ಅನ್ನಬೇಕಿತ್ರಿ ಮಾಸ್ತರ್ರ. ತಕ್ಕಡಿ ಯಾಕ ಬೇಕಿತ್ತು?"

"ಏನ ಬ್ಯಾಡ?"

"ಹುಡುಗಿ."

ಆಮೇಲೆ ಅವರು ಹೇಳಿದ್ದಿಷ್ಟು. ಆ ಹೋಳಿಗೆ ಹುಡುಗಿ ತನ್ನ ಕೈಯಾರೆ ಮಾಡಿದ್ದು. ನನ್ನ ಮನಸ್ಸು ನೋಡೋಣವೆಂದೇ ಅಕ್ಕಾವ್ರು ಅದನ್ನು ಮೇಲೆ ತಂದದ್ದು. ಅವರ ಮನೆಯಲ್ಲಿ ಒಂದು ರೂಢಿ ಇದೆ: ಬಟ್ಟಲು ಇಟ್ಟುಕೊಂಡಷ್ಟು ದಿನ ಬಳಕೆ ಇದೆ ಎಂದು ಅರ್ಥ, ಅಂದಿನದನ್ನು ಅಂದೇ ಸರಿಸಮ ತುಂಬಿ ಮರಳಿಸಿದರೆ ಕೊಡುಕೊಳ್ಳುವುದು ಮುಗಿಯಿತೆಂದು ಅರ್ಥ. ಮುಗಿದದ್ದಷ್ಟೇ ಆಗಿದ್ದರೆ ಸುಮ್ಮನಿರುತ್ತಿದ್ದರು. "ಹುಡುಗಿ ಕೈಯಾನ ಹೋಳಿಗಿ ಅಂಗಡ್ಯಾಗ ಇಟ್ಟ ತೂಗಿಸಿದ್ರಿ ನೀವು. ಓಣ್ಯಾಗ ಎಲ್ಲಾರಿಗೂ ಗೊತ್ತೈತಿ." ಇಷ್ಟು ಹೇಳಿ ಅವರು ಲಾಳಿ ಎತ್ತಿಕೊಂಡರು, ಮಗ್ಗ ಮತ್ತೆ ಲಟಪಟ ಅಂದಿತು.

ನಾನು ಅವಳ ಮುಖಕ್ಕೇ ಚುಕ್ತಾ ಎಂದಿದ್ದೆ. ಅರಳಿದ ಆ ಮುಖ ನೆನಪಾಗಿ ನಾಚಿಕೆಗಿಂತ ಹೆಚ್ಚಾಗಿ ಹೆದರಿಕೆಯಾಯಿತು, ಇನ್ನು ಅವಳು ಸಿಗುವುದಿಲ್ಲ ಎಂಬ ಹೆದರಿಕೆ. ಪ್ರಬಂಧ, ಗ್ರೀಕ, ಧಾರವಾಡ ಯಾವುದೂ ನನಗೆ ಬೇಕಿರಲಿಲ್ಲ. ಅವಳು ಬೇಕಾಗಿದ್ದಳು.

ಹುನಗುಂದಕ್ಕೆ ಓಡಿದೆ. ಎಲ್ಲ ಕೇಳಿದ ಅವ್ವ ಈ ಸಲ ಎಮ್ಮೆಯ ಕಡೆ ಹೋಗಲಿಲ್ಲ. "ತೂಗಿದಿ?" ಅಂದಳು. ಮತ್ತೆ, "ಹೋಳಿಗಿ ತೂಗಿದಿ? ಖೋಡಿ, ಇದನ್ನ ಕಲಿಯಾಕ ಧಾರವಾಡ ತನಕಾ ಹೋಗಿದ್ದೇನು?" ನೀನು ಬಂದು ಮಾತಾಡು ಎಂದು ಅಂಗಲಾಚಿದೆ. ಅವಳು ಒಪ್ಪಲಿಲ್ಲ. "ನೀ ತೂಗಿದಿ, ನೀನ ಹೋಗು. ಹೋಗಿ ತಪ್ಪಾತು ಅನ್ನು. ಪಾಠಾ ಹೇಳಬ್ಯಾಡ."

ಭಾನುವಾರ ಬಾಗಲಕೋಟೆಯ ಬಸ್ಸು ಹತ್ತಿದೆ. ಅಮೀನಗಡದಲ್ಲಿ ಬಸ್ಸು ನಿಂತಾಗ, ಕರದಂಟಿನ ಪೊಟ್ಟಣ ಹಿಡಿದವರು ಕಿಟಕಿಯ ಹತ್ತಿರ ಬಂದರು. ಹೆಣ್ಣಿನ ಮನೆಗೆ ಬರಿಗೈಯಲ್ಲಿ ಹೋಗಬಾರದೆಂದು ಕೈ ಕಿಸೆಗೆ ಹೋಯಿತು. ತಕ್ಷಣ ಯಾವ ತಿನಿಸು ನನ್ನನ್ನು ಈ ಗತಿಗೆ ತಂದಿದೆ ಎಂಬುದು ನೆನಪಾಗಿ ಕೈ ಹಿಂದಕ್ಕೆ ಬಂತು. ಹಣ್ಣು ಕೊಳ್ಳಬಹುದಿತ್ತು, ಹೂವು ಕೊಳ್ಳಬಹುದಿತ್ತು. ಎಷ್ಟು ಕೊಂಡರೆ ಹೆಚ್ಚು, ಎಷ್ಟು ಕೊಂಡರೆ ಕಡಿಮೆ ಎಂದು ಲೆಕ್ಕ ಹಾಕುತ್ತಲೇ ಬಾಗಲಕೋಟೆ ಬಂತು. ಬರಿಗೈಯಲ್ಲೇ ಇಳಿದೆ.

ಹಳೆಯ ಊರಿನ ಇಕ್ಕಟ್ಟಾದ ಓಣಿ. ಮುಂದೆ ಅಡತಿ ಅಂಗಡಿ, ಹಿಂದೆ ಮನೆ. ರೈತರ ಮಾಲನ್ನು ತೂಗಿ ಮಾರಿಸಿಕೊಡುವುದು ಹುಡುಗಿಯ ತಂದೆಯ ಉದ್ಯೋಗ ಎಂಬುದು ನನಗೆ ಗೊತ್ತಿರಲಿಲ್ಲ. ಬಾಗಿಲಲ್ಲಿ ಆಳೆತ್ತರದ ತಕ್ಕಡಿ ತೂಗುಬಿದ್ದಿದ್ದನ್ನು ಕಂಡು ಅಲ್ಲಿಂದಲೇ ವಾಪಸು ಹೋಗಿಬಿಡಲೇ ಅನಿಸಿತು. ಅಷ್ಟರಲ್ಲಿ ಅವರು ನನ್ನನ್ನು ನೋಡಿ, ಯಾರೆಂದು ಹೇಳುವ ಮೊದಲೇ ಗುರುತು ಹಿಡಿದು, "ಬರ್ರಿ ಒಳಗ" ಎಂದು ಪಡಸಾಲೆಗೆ ಕರೆದೊಯ್ದು ಕೂರಿಸಿದರು.

ತಪ್ಪಾಯಿತು ಎನ್ನಲು ಬಾಯಿ ತೆರೆದೆ. ಅದು ಹೇಗೋ ಗೊತ್ತಿಲ್ಲ, ಬಾಯಿಂದ ಗ್ರೀಸಿನ ತತ್ವಜ್ಞಾನಿ ಬಂದ. ನನ್ನ ಮನಸ್ಸಿನಲ್ಲಿ ಕೆಟ್ಟದ್ದೇನೂ ಇರಲಿಲ್ಲ ಎಂದು ತೋರಿಸಬೇಕಿತ್ತು, ಅದಕ್ಕೆ ಗೌಂಡಿಯನ್ನು ಹೇಳಬೇಕಾಯಿತು, ಗೌಂಡಿಗೆ ಜೋಡಿನವನನ್ನು ತರಬೇಕಾಯಿತು. ಪಡಸಾಲೆಯಲ್ಲಿ ಕೂತು ಒಂದು ಪೂರ್ತಿ ಪೀರಿಯಡ್ ತೆಗೆದುಕೊಂಡೆ. ಅವರು ಮೀಸೆ ನೀವುತ್ತ ಎಲ್ಲ ಕೇಳಿದರು.

"ನೋಡ್ರಿ," ಅಂದರು ಕೊನೆಗೆ, "ತೂಗೂದು ನಮ್ಮ ದಂಧೆ. ಹತ್ತಿ ತೂಗ್ತೇವಿ, ಶೇಂಗಾ ತೂಗ್ತೇವಿ, ಜ್ವಾಳಾ ತೂಗ್ತೇವಿ. ನಮ್ಮಪ್ಪನ ಕಾಲದಿಂದ ತೂಗಾಕ ಹತ್ತೇವಿ. ಆದ್ರ ತಕ್ಕಡಿ ಈ ಹೊಸ್ತಿಲಾ ದಾಟಿ ಒಳಗ ಬಂದಿಲ್ಲ. ನೀವು ಅರ್ಥಶಾಸ್ತ್ರಾ ಕಲಿಸೂ ಮಂದಿ, ಚುಕ್ತಾ ಅಂದ್ರ ಏನಂತ ತಿಳದ ಅಂದಿರಬೇಕು. ಚುಕ್ತಾ ಅಂದಮ್ಯಾಲ ಮುಗೀತು."

ನಾನು ಏಳಲು ಕೈಯೂರಿದೆ. ಆಗ ಅಡಿಗೆ ಮನೆಯ ಬಾಗಿಲಿನಿಂದ ಅವಳ ದನಿ ಬಂತು.

"ಅಪ್ಪಾ, ಅವ್ರನ್ನ ಒಂದ ಮಾತ ಕೇಳ್ಲೇನು?"

"ಕೇಳು."

"ಹೋಳಿಗಿ ತೂಗಿದಾಗ ಬಟ್ಟಲದ ತೂಕಾ ಕಳದಿದ್ರೇನ್ರಿ?"

ಬಟ್ಟಲಿನ ತೂಕ! ನನ್ನ ತಲೆಯಲ್ಲಿ ಅದು ಸುಳಿದೇ ಇರಲಿಲ್ಲ. ಆ ದಿನವನ್ನು ನೆನಪಿಗೆ ತಂದುಕೊಂಡೆ: ಬಟ್ಟಲು ಕೊಟ್ಟೆ, ಚಾಚಾ ತೂಗಿದರು, ನಾನು ಗ್ರೀಸಿನಲ್ಲಿದ್ದೆ. "ಇಲ್ರಿ," ಅಂದೆ, "ಕಳೀಲಿಲ್ಲ ಅನಸ್ತೈತಿ. ಹಂಗಾ ತೂಗಿಸಿದೆ."

"ಹಂಗಾರ, ಅಪ್ಪಾ, ಇವ್ರು ಹೋಳಿಗಿ ತೂಕಕ್ಕ ಕರದಂಟ ಕೊಟ್ಟಿಲ್ಲ. ಹೋಳಿಗಿ, ಬಟ್ಟಲಾ, ಎರಡೂ ಕೂಡಿ ತೂಕಕ್ಕ ಕೊಟ್ಟಾರ. ಬಟ್ಟಲದಷ್ಟು ನಮ್ಮ ಮ್ಯಾಲ ಬಾಕಿ ಉಳದೈತಿ. ಚುಕ್ತಾ ಎಲ್ಲಿ ಆತು?"

ಅವರು ಮಗಳಿದ್ದ ಬಾಗಿಲ ಕಡೆ ನೋಡಿದರು, ಬಹಳ ಹೊತ್ತು ನೋಡಿದರು. ಆಮೇಲೆ ನನ್ನ ಕಡೆ ತಿರುಗಿದರು. ಮೀಸೆಯ ಕೆಳಗೆ ಏನೋ ಅಲುಗಿದಂತೆ ಕಂಡಿತು.

"ನಮ್ಮ ಅಂಗಡ್ಯಾಗ ಹಿಂಗ ತೂಗಿದ್ರ ಅವತ್ತ ಮನಿಗೆ ಕಳಸ್ತಿದ್ದೆ ನಿಮ್ಮನ್ನ," ಅಂದರು. "ಇರ್ಲಿ. ಊಟಾ ಮಾಡಿ ಹೋಗ್ರಿ."

ನಾನು ಊಟ ಮಾಡಿದೆ. ಏನು ಬಡಿಸಿದ್ದರೆಂದು ನೆನಪಿಲ್ಲ, ಬಡಿಸಿದವಳು ನೆನಪಿದ್ದಾಳೆ. ಮುಂದಿನ ವಾರ ಅವ್ವ ಹೊಸ ಸೀರೆಯುಟ್ಟು ಇಳಕಲ್ಲಿಗೆ ಬಂದಳು. ಬಸ್ಸಿನ ವೇಳೆ ಅವಳಿಗೆ ನಾನು ಹೇಳಿಕೊಡಬೇಕಾಗಲಿಲ್ಲ.

ಮದುವೆಯಾದ ಮೇಲೆ ಅದೇ ಓಣಿಯಲ್ಲಿ ಸ್ವಲ್ಪ ದೊಡ್ಡ ಮನೆ ಹಿಡಿದೆವು. ಅವಳಿಗೆ ಊರಿನಲ್ಲೇ ಸಾಲೆಯ ನೌಕರಿ ಸಿಕ್ಕಿತು. ಪ್ರಬಂಧವೂ ಒಂದು ದಿನ ಮುಗಿಯಿತು. ಮುಗಿಯಿತು ಅನ್ನುವುದಕ್ಕಿಂತ, ಗ್ರೀಕರಿಗಿಂತ ಹಿಂದೆ ಹೋಗುವುದು ಬೇಡ ಎಂದು ಅವಳೇ ಅದನ್ನು ಬಟ್ಟೆಯಲ್ಲಿ ಸುತ್ತಿ ಧಾರವಾಡದ ಬಸ್ಸಿಗೆ ನನ್ನನ್ನು ಹತ್ತಿಸಿದಳು. ಮೌಖಿಕ ಪರೀಕ್ಷೆಯಲ್ಲಿ ಇದರಲ್ಲಿ ನಿಮ್ಮ ಸ್ವಂತದ್ದು ಯಾವುದೆಂದು ಕೇಳಿದಾಗ ಹೋಳಿಗೆ ನಾಲಿಗೆಯ ತುದಿಗೆ ಬಂದಿತ್ತು, ನುಂಗಿಕೊಂಡೆ. ಮನೆಯಲ್ಲಿ ಮಾತ್ರ ಅದನ್ನು ನುಂಗಲು ಯಾರೂ ಬಿಡಲಿಲ್ಲ. ನಾನು ಎಲ್ಲಿ ತುಸು ಪಂಡಿತನಂತೆ ಮಾತಾಡಿದರೂ ಅವಳು "ಬಟ್ಟಲದ ತೂಕಾ?" ಎನ್ನುತ್ತಿದ್ದಳು. ನಾನೂ ಒಪ್ಪಿಕೊಂಡಿದ್ದೆ. ನನ್ನ ಬಾಳಿನ ದೊಡ್ಡ ಸುಖ ನನ್ನ ಒಂದು ದಡ್ಡತನದಿಂದ ಬಂದದ್ದು ಎಂದು ಗೆಳೆಯರ ಮುಂದೆ ಹೇಳಿ ನಗಿಸುತ್ತಿದ್ದೆ, ಎಂಬತ್ತರ ದಶಕ ಅರ್ಧ ಕಳೆಯುವ ತನಕ.

ಆಗ ಬಾಗಲಕೋಟೆಯ ಹಳೆಯ ಊರು ಅಣೆಕಟ್ಟಿನ ನೀರಿನಲ್ಲಿ ಮುಳುಗುತ್ತದೆಂಬ ಮಾತು ಗಟ್ಟಿಯಾಗಿ, ಬೀಗರೆಲ್ಲ ಯಾವಾಗಲೂ ಹೊಸದಾಗಿ ಕಟ್ಟುವ ನವನಗರದ ಸುದ್ದಿಯಲ್ಲೇ ಇರುತ್ತಿದ್ದರು. ಮಾವನವರು ಬರುವವರಿದ್ದರು. ತುಪ್ಪ ತರಲು ಅವಳು ನನ್ನ ಕೈಗೆ ಡಬ್ಬಿ ಕೊಟ್ಟಳು. ಚಾಚಾ ಇನ್ನೂ ಅದೇ ಅಂಗಡಿಯಲ್ಲಿದ್ದರು, ಗಡ್ಡ ಪೂರ್ತಿ ಬೆಳ್ಳಗಾಗಿತ್ತು. ಡಬ್ಬಿ ಇಸಿದುಕೊಂಡು ಮೊದಲು ಖಾಲಿ ಡಬ್ಬಿಯನ್ನು ತಕ್ಕಡಿಗಿಟ್ಟು, ಆ ಕಡೆಯ ತಟ್ಟೆಯಲ್ಲಿ ಕಲ್ಲು ಹಾಕಿ ಸರಿ ಮಾಡಿಕೊಂಡರು. ಆಮೇಲೆ ತುಪ್ಪ ಸುರಿದರು.

ನಾನು ಅವತ್ತು ಅದೇಕೋ ಗ್ರೀಸಿನಲ್ಲಿರಲಿಲ್ಲ, ಇಳಕಲ್ಲಿನಲ್ಲೇ ಇದ್ದೆ. "ಚಾಚಾ," ಅಂದೆ, "ಯಾವಾಗೂ ಹಂಗಾ ತೂಗ್ತೀರೇನು?"

"ಮತ್ತ ಡಬ್ಬೀನೂ ಕೂಡ್ಸಿ ತೂಗಾಕ ಆಕ್ಕೈತೇನ್ರಿ? ನಿಮ್ಮ ಹೋಳಿಗಿ ತಂದಿದ್ರಲ್ಲ ಅವತ್ತ, ಅದನ್ನೂ ಹಂಗಾ ತೂಗಿದ್ದೆ. ನಮ್ಮ ಅಂಗಡ್ಯಾಗೂ ಅಂಥಾದ ಬಟ್ಟಲಾ ಇತ್ತು, ಆ ಕಡೆ ಇಟ್ಟಿದ್ದೆ. ಒಂದ ಚೂರ ಹೆಚ್ಚುಕಮ್ಮಿ ಇಲ್ಲ." ಇಷ್ಟು ವರ್ಷವಾದ ಮೇಲೆ ತಮ್ಮ ತಕ್ಕಡಿಯ ಮೇಲೆ ನಾನು ಅನುಮಾನಪಟ್ಟದ್ದು ಅವರಿಗೆ ನೋವಾದಂತಿತ್ತು.

ಡಬ್ಬಿ ಹಿಡಿದು ಅಂಗಡಿಯ ಮೆಟ್ಟಿಲ ಮೇಲೆ ನಿಂತೆ. ಬಟ್ಟಲಿನ ಭಾರವೂ ಸೇರಿದ್ದರೆ ಅಷ್ಟು ಕರದಂಟು ಆ ಬಟ್ಟಲಿನಲ್ಲಿ ಹಿಡಿಸುವಂತೆಯೇ ಇರಲಿಲ್ಲ. ಅದನ್ನು ಅವತ್ತು ನನ್ನ ಕೈಯಾರೆ ತುಂಬಿದ್ದೆ, ಅಂಚಿಗೆ ಸರಿಯಾಗಿ ಕೂತಿತ್ತು.

ಅವಳು ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ತುಪ್ಪದ ಡಬ್ಬಿ ಇಟ್ಟು ಎದುರಿಗೆ ಕೂತೆ.

"ಚಾಚಾ ಬಟ್ಟಲದ ತೂಕಾ ಕಳದ ತೂಗಿದ್ರಂತ."

"ಹೂಂ."

"ನಿನಗ ಗೊತ್ತಿತ್ತು?"

"ಮಗ್ಗದ ಮನಿ ಅತ್ತಿ ಅವತ್ತ ಹೇಳಿದ್ಲು. ಬಟ್ಟಲಕ್ಕ ಬಟ್ಟಲಾ ಇಟ್ಟ ತೂಗಿದಾರಂತ. ಅದಕ್ಕ ಇನ್ನೂ ಹೆಚ್ಚ ಸಿಟ್ಟ ಬಂದಿತ್ತು ಆಕಿಗೆ."

"ನಿಮ್ಮಪ್ಪಗ?"

ಅವಳು ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ನನ್ನನ್ನು ನೋಡಿದಳು. ಅಡತಿ ಅಂಗಡಿಯವನಿಗೆ ಇದನ್ನು ಹೇಳಬೇಕೇ ಎಂಬಂತೆ.

ಅಂದರೆ ಲೆಕ್ಕ ಅವತ್ತೇ ಪೂರ್ತಿ ಮುಗಿದಿತ್ತು. ಆ ಪಡಸಾಲೆಯಲ್ಲಿದ್ದವರಿಗೆಲ್ಲ ಅದು ಗೊತ್ತಿತ್ತು, ನನ್ನೊಬ್ಬನನ್ನು ಬಿಟ್ಟು. ನನ್ನ ದಡ್ಡತನ ನನ್ನನ್ನು ಉಳಿಸಿತೆಂದು ಇಷ್ಟು ವರ್ಷ ಜಂಬದಿಂದ ಹೇಳಿಕೊಂಡು ತಿರುಗಿದ್ದೆ. ಉಳಿಸಿದವಳು ಬೂದಿ ಕೆದರಿ ಬೆಂಕಿ ಮುಂದೆ ಮಾಡುತ್ತ ಕೂತಿದ್ದಳು.

"ಮತ್ತ ಹಂಗ್ಯಾಕ ಕೇಳಿದಿ ಅವತ್ತ?"

"ಇನ್ನೇನ ಕೇಳಬೇಕಿತ್ತು? ನೀವು ತಪ್ಪಾತು ಅನ್ನಾಕ ಬಂದವ್ರು ಪಾಠಾ ಹೇಳಾಕ ಹತ್ತಿದ್ರಿ. ಅಪ್ಪ ಏಳೂ ಹಂಗ ಆಗಿದ್ದ." ಅವಳು ರೊಟ್ಟಿಯನ್ನು ಹಂಚಿನ ಮೇಲೆ ತಿರುವಿದಳು. "ನನಗ ನೀವು ಬೇಕಾಗಿದ್ರಿ."

ಉಬ್ಬಿದ ರೊಟ್ಟಿಯನ್ನು ನನ್ನ ತಾಟಿಗೆ ಹಾಕಿದಳು. ಇನ್ನೊಂದನ್ನು ಬಡಿಯತೊಡಗಿದಳು.